ಲಿಲಿಯನ್ ಶ್ವಾರ್ಟ್ಸ್: ಲ್ಯಾಬ್‌ನಲ್ಲಿ ಸಿನಿಮಾ ಬಿಡಿಸಿದ ಚಿತ್ರಕಲಾವಿದೆ – ಪದೇ ಪದೇ ಕೇಳುವ ಪ್ರಶ್ನೆಗಳು

ಲಿಲಿಯನ್ ಶ್ವಾರ್ಟ್ಸ್ ಯಾರು?

ಅಮೆರಿಕದ ಚಿತ್ರಕಲಾವಿದೆ. ಕಂಪ್ಯೂಟರ್ ಬಳಸಿ ಪ್ರಯೋಗದ ಸಿನಿಮಾಗಳನ್ನು ಮಾಡಿದ ಮೊದಲ ತಲೆಮಾರಿನವರಲ್ಲಿ ಒಬ್ಬರು. ಹುಟ್ಟಿದ್ದು 1927ರ ಜುಲೈ 13ರಂದು, ಒಹಾಯೊ ರಾಜ್ಯದ ಸಿನ್ಸಿನಾಟಿಯಲ್ಲಿ. ತೀರಿಕೊಂಡಿದ್ದು 2024ರ ಅಕ್ಟೋಬರ್ 12ರಂದು, ನ್ಯೂಯಾರ್ಕ್‌ನ ಮ್ಯಾನ್‌ಹ್ಯಾಟನ್‌ನಲ್ಲಿ. ಆಗ ಅವರಿಗೆ 97 ವರ್ಷ.

ಅವರು ಸಿನಿಮಾ ಮಾಡಲು ಶುರು ಮಾಡಿದಾಗ ಕಂಪ್ಯೂಟರ್‌ಗೆ ಮೌಸ್ ಇರಲಿಲ್ಲ, ಬಣ್ಣದ ಪರದೆ ಇರಲಿಲ್ಲ, ಚಿತ್ರ ಬಿಡಿಸುವ ಸಾಫ್ಟ್‌ವೇರ್ ಅಂಗಡಿಯಲ್ಲಿ ಸಿಗುತ್ತಿರಲಿಲ್ಲ. ಅಂಥ ಹೊತ್ತಿನಲ್ಲಿ ಮಾಡಿದ ನಾಲ್ಕೈದು ನಿಮಿಷದ ಚಿತ್ರಗಳು ಇವತ್ತಿಗೂ ಹೊಸದಾಗಿಯೇ ಕಾಣುತ್ತವೆ.

ಅವರು ಎಂಜಿನಿಯರ್ ಓದಿದ್ದರಾ?

ಇಲ್ಲ. ಓದಿದ್ದು ನರ್ಸಿಂಗ್. ಮನೆಯಲ್ಲಿ ಬಡತನ, ತುಂಬಾ ಮಕ್ಕಳಿದ್ದ ಸಂಸಾರ. ತಂದೆ ಕ್ಷೌರಿಕರು. ಎರಡನೇ ಮಹಾಯುದ್ಧದ ಹೊತ್ತಿಗೆ ಅಮೆರಿಕ ಸರ್ಕಾರ ನರ್ಸ್‌ಗಳು ಬೇಕೆಂದು ಖರ್ಚು ಕೊಟ್ಟು ಓದಿಸುವ ಕೆಡೆಟ್ ನರ್ಸ್ ಯೋಜನೆ ತಂದಿತ್ತು. ಲಿಲಿಯನ್ ಅದಕ್ಕೆ ಸೇರಿಕೊಂಡರು. ರೋಗಿಗಳ ಆರೈಕೆಗಿಂತ ಚಿತ್ರ ಬಿಡಿಸುವುದರಲ್ಲೇ ಮನಸ್ಸು ಜಾಸ್ತಿ. ಮುಂದೆ ಮಕ್ಕಳ ಡಾಕ್ಟರ್ ಜ್ಯಾಕ್ ಶ್ವಾರ್ಟ್ಸ್ ಅವರನ್ನು ಮದುವೆಯಾದರು.

ಜಪಾನ್‌ನಲ್ಲಿ ಪೋಲಿಯೊ ಬಂದಿತ್ತು ಅಂತಾರೆ. ಅದಕ್ಕೂ ಕಲೆಗೂ ಏನು ಸಂಬಂಧ?

ಸಂಬಂಧ ದೊಡ್ಡದೇ. ಯುದ್ಧ ಮುಗಿದ ಮೇಲೆ ಗಂಡನಿಗೆ ಜಪಾನ್‌ನಲ್ಲಿ ಸೇನಾ ವೈದ್ಯರಾಗಿ ಕೆಲಸ. 1949ರಲ್ಲಿ ಲಿಲಿಯನ್ ಅಲ್ಲಿಗೆ ಹೋದರು. ಹೋದ ಸ್ವಲ್ಪ ದಿನಕ್ಕೇ ಪೋಲಿಯೊ ಬಂತು, ಕೈಕಾಲು ಬಿದ್ದುಹೋಯಿತು. ಚೇತರಿಸಿಕೊಳ್ಳುವಾಗ ಒಬ್ಬ ಗುರು ಅವರಿಗೆ ಪೂರ್ವ ಏಷ್ಯಾದ ಕುಂಚದ ಬರಹ, ಮಸಿಯ ಚಿತ್ರ ಕಲಿಸಿದರು. ಮೊದಲ ಪಾಠ ಕುಂಚವನ್ನೇ ಮುಟ್ಟದೆ. ಗೆರೆ ಎಲ್ಲಿ ಶುರುವಾಗಬೇಕು, ಎಲ್ಲಿ ದಪ್ಪ, ಎಲ್ಲಿ ತೆಳು, ಎಲ್ಲಿ ನಿಲ್ಲಬೇಕು ಎಂದು ಮನಸ್ಸಿನಲ್ಲೇ ಪೂರ್ತಿ ಬಿಡಿಸಬೇಕು. ಕೈ ಅದಾದ ಮೇಲೆ.

ಮುಂದೆ ಅವರು ಬಳಸಿದ ಕಂಪ್ಯೂಟರ್ ಕೇಳಿದ್ದೂ ಇದನ್ನೇ. ಸೂಚನೆಗಳನ್ನು ತೂತುಗಳಾಗಿ ಹೊಡೆದ ರಟ್ಟು, ಅಂದರೆ ಪಂಚ್ ಕಾರ್ಡ್, ಕೊಟ್ಟು ಬಂದರೆ ಫಲ ಕಾಣಲು ಕಾಯಬೇಕು. ಬಿಡಿಸುತ್ತಾ ತಿದ್ದುವ ಅವಕಾಶವೇ ಇಲ್ಲ. ಚಿತ್ರವನ್ನು ಮೊದಲು ತಲೆಯಲ್ಲಿ ನೋಡಬಲ್ಲವರಿಗೆ ಮಾತ್ರ ಆ ಯಂತ್ರ ಒಲಿಯುತ್ತಿತ್ತು. ಲಿಲಿಯನ್ ಅವರಿಗೆ ಆ ಅಭ್ಯಾಸ ಮೊದಲೇ ಆಗಿತ್ತು.

ಬೆಲ್ ಲ್ಯಾಬ್ಸ್ ಎಂಬ ಸಂಶೋಧನಾ ಸಂಸ್ಥೆಗೆ ಹೇಗೆ ಸೇರಿದರು?

ಒಂದು ಶಿಲ್ಪದಿಂದ. ಅಮೆರಿಕಕ್ಕೆ ವಾಪಸ್ ಬಂದು ನ್ಯೂಜೆರ್ಸಿಯಲ್ಲಿ ನೆಲೆಸಿದ ಮೇಲೆ ಬಣ್ಣ, ಪ್ಲಾಸ್ಟಿಕ್, ಬೆಳಕು, ಮೋಟಾರ್ ಎಲ್ಲವನ್ನೂ ಸೇರಿಸಿ ಕೆಲಸ ಮಾಡುತ್ತಿದ್ದರು. ಎಂಜಿನಿಯರ್ ಪರ್ ಬಿಯಾರ್ನ್ ಜೊತೆಗೂಡಿ ‘ಪ್ರಾಕ್ಸಿಮಾ ಸೆಂಟಾರಿ’ ಎಂಬ ಚಲಿಸುವ ಶಿಲ್ಪ ಮಾಡಿದರು. ಕಪ್ಪು ಪೆಟ್ಟಿಗೆಯ ಮೇಲೆ ಹೊಳೆಯುವ ಗೋಳ. ನೋಡುವವರು ಹತ್ತಿರ ಬಂದರೆ ಗೋಳ ಪೆಟ್ಟಿಗೆಯೊಳಗೆ ಇಳಿಯುತ್ತದೆ. ಬಗ್ಗಿ ನೋಡಿದರೆ ಅದರ ಮೇಲೆ ಅಲೆಯಂತೆ ನಡುಗುವ ಚಿತ್ರಗಳು.

1968ರ ಕೊನೆಯಲ್ಲಿ ನ್ಯೂಯಾರ್ಕ್‌ನ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್‌ನಲ್ಲಿ ಯಂತ್ರ ಮತ್ತು ಕಲೆಯ ಬಗ್ಗೆ ದೊಡ್ಡ ಪ್ರದರ್ಶನ ನಡೆಯಿತು. ಪೊಂಟಸ್ ಹುಲ್ಟೆನ್ ಅದನ್ನು ರೂಪಿಸಿದ್ದರು. ‘ಪ್ರಾಕ್ಸಿಮಾ ಸೆಂಟಾರಿ’ ಅಲ್ಲಿತ್ತು. ಬೆಲ್ ಲ್ಯಾಬ್ಸ್‌ನ ಲಿಯಾನ್ ಹಾರ್ಮನ್ ಮತ್ತು ಕೆನ್ ನೋಲ್ಟನ್ ಮಾಡಿದ ಒಂದು ಚಿತ್ರವೂ ಅಲ್ಲಿತ್ತು. ಮಲಗಿದ ಹೆಣ್ಣಿನ ಫೋಟೊ ಒಂದನ್ನು ಸಣ್ಣ ಸಣ್ಣ ಚಿಹ್ನೆಗಳಾಗಿ ಒಡೆದು ಕಂಪ್ಯೂಟರ್‌ನಿಂದ ಮುದ್ರಿಸಿದ್ದು ಅದು. ಅಲ್ಲಿ ಹಾರ್ಮನ್ ಪರಿಚಯವಾಯಿತು. ಅವರು ಲಿಲಿಯನ್ ಅವರನ್ನು ನ್ಯೂಜೆರ್ಸಿಯ ಮರ್ರೆ ಹಿಲ್‌ನ ಲ್ಯಾಬ್‌ಗೆ ಕರೆದರು. ಹಾಗೆ ಹೋದವರು 2002ರವರೆಗೂ ಅಲ್ಲಿ ನಂಟು ಇಟ್ಟುಕೊಂಡರು.

ಫೋನ್ ಕಂಪನಿಯ ಲ್ಯಾಬ್‌ನಲ್ಲಿ ಕಲಾವಿದೆಗೆ ಏನು ಕೆಲಸ?

ಬೆಲ್ ಲ್ಯಾಬ್ಸ್ ಆಗ ಎಟಿ ಅಂಡ್ ಟಿ ಎಂಬ ಫೋನ್ ಕಂಪನಿಯ ಸಂಶೋಧನಾ ಸಂಸ್ಥೆಯಾಗಿತ್ತು. 1947ರಲ್ಲಿ ಟ್ರಾನ್ಸಿಸ್ಟರ್ ಹುಟ್ಟಿದ್ದು ಅಲ್ಲೇ. ಕಂಪ್ಯೂಟರ್ ನಡೆಸುವ ಸಾಫ್ಟ್‌ವೇರ್ ಯೂನಿಕ್ಸ್ ಶುರುವಾಗಿದ್ದೂ ಅಲ್ಲೇ, 1969ರಲ್ಲಿ. ದನಿಯನ್ನು, ಚಿತ್ರವನ್ನು ತಂತಿಯಲ್ಲಿ ಕಳಿಸಬೇಕೆಂದರೆ ಕಿವಿ ಹೇಗೆ ಕೇಳುತ್ತದೆ, ಕಣ್ಣು ಹೇಗೆ ನೋಡುತ್ತದೆ ಎಂದು ತಿಳಿಯಬೇಕಲ್ವಾ? ಹಾಗಾಗಿ ಅಲ್ಲಿ ಮ್ಯಾಕ್ಸ್ ಮ್ಯಾಥ್ಯೂಸ್ ಕಂಪ್ಯೂಟರ್‌ನಿಂದ ಸಂಗೀತ ಹೊರಡಿಸುತ್ತಿದ್ದರು. ಬೇಲಾ ಯೂಲೆಸ್ ಬರೀ ಚುಕ್ಕಿಗಳಿಂದ ಆಳ ಕಾಣಿಸುವುದು ಹೇಗೆ ಎಂದು ಪರೀಕ್ಷೆ ಮಾಡುತ್ತಿದ್ದರು. ಮೈಕಲ್ ನೋಲ್ 1960ರ ದಶಕದ ಆರಂಭದಲ್ಲೇ ಕಂಪ್ಯೂಟರ್ ಚಿತ್ರ ಬಿಡಿಸಿದ್ದರು. ಕಣ್ಣಿಗೆ ಎರಡು ಬಣ್ಣ ಪಕ್ಕಪಕ್ಕ ಬಂದರೆ ಏನಾಗುತ್ತದೆ ಎನ್ನುವುದು ವಿಜ್ಞಾನಿಯ ಪ್ರಶ್ನೆಯೂ ಹೌದು, ಚಿತ್ರಕಾರರ ಪ್ರಶ್ನೆಯೂ ಹೌದು. ಲಿಲಿಯನ್ ಅಲ್ಲಿಗೆ ಹೊರಗಿನವರಾಗಿ ಹೋದರೂ ಅವರ ಪ್ರಶ್ನೆ ಹೊರಗಿನದಾಗಿರಲಿಲ್ಲ.

ಸಂಬಳ ಇತ್ತಾ?

ಮೊದಲ ಹಲವು ವರ್ಷ ಇರಲಿಲ್ಲ. ಅವರ ಹೆಸರಿನ ಜೊತೆ ಇದ್ದ ಪಟ್ಟ ‘ರೆಸಿಡೆಂಟ್ ವಿಸಿಟರ್’. ಅಂದರೆ ಉಳಿದುಕೊಂಡ ಅತಿಥಿ. ಎಟಿ ಅಂಡ್ ಟಿ ಆಗ ಸರ್ಕಾರದ ಕಣ್ಗಾವಲಿನಲ್ಲಿದ್ದ ಏಕಸ್ವಾಮ್ಯ ಕಂಪನಿ. ಜನ ಕಟ್ಟುವ ಫೋನ್ ಬಿಲ್ಲಿನ ದುಡ್ಡಿನಲ್ಲಿ ಕಲೆ ನಡೆಸುತ್ತೇವೆ ಎಂದು ಹೇಳಿಕೊಳ್ಳುವುದು ಕಂಪನಿಗೆ ಕಷ್ಟ.

ಈ ಸಂಗತಿಯನ್ನು ಲಘುವಾಗಿ ದಾಟಬಾರದು ಎಂಬುದು ನನ್ನ ಅಭಿಪ್ರಾಯ. ಅವರ ಸಿನಿಮಾಗಳು ಲ್ಯಾಬ್‌ಗೆ ಹೆಸರು ತಂದವು. ಅದೇ ಲ್ಯಾಬ್‌ನಲ್ಲಿ ಅವರಿಗೆ ವರ್ಷಗಟ್ಟಲೆ ಹುದ್ದೆ ಇರಲಿಲ್ಲ. ಗಂಡನ ಡಾಕ್ಟರ್ ಕೆಲಸದಿಂದ ಮನೆ ನಡೆಯುತ್ತಿತ್ತು, ಅದಕ್ಕೇ ಈ ಕೆಲಸವೂ ನಡೆಯಿತು. ಆ ಆಸರೆ ಇಲ್ಲದ ಎಷ್ಟೋ ಕಲಾವಿದೆಯರು ಅಂಥ ಬಾಗಿಲವರೆಗೂ ಬಂದಿರಲಾರರು.

ಆ ಕಾಲದಲ್ಲಿ ಕಂಪ್ಯೂಟರ್‌ನಲ್ಲಿ ಸಿನಿಮಾ ಮಾಡುವುದು ಹೇಗೆ?

ನಿಧಾನವಾಗಿ. ಕೆನ್ ನೋಲ್ಟನ್ 1963ರಲ್ಲಿ ‘ಬೆಫ್ಲಿಕ್ಸ್’ ಎಂಬ ಪ್ರೋಗ್ರಾಮಿಂಗ್ ಭಾಷೆ ಬರೆದಿದ್ದರು. ಬರೀ ಚಲನಚಿತ್ರ ಮಾಡುವುದಕ್ಕೇ ಬರೆದ ಭಾಷೆ ಅದು. ಪರದೆಯನ್ನು ಅಡ್ಡಕ್ಕೆ 252, ಉದ್ದಕ್ಕೆ 184 ಮನೆಗಳಾಗಿ ಭಾಗ ಮಾಡುತ್ತದೆ. ರಂಗೋಲಿಗೆ ಮೊದಲು ಚುಕ್ಕಿ ಇಡುವ ಹಾಗೆ. ಒಟ್ಟು 46,368 ಮನೆ. ಪ್ರತಿ ಮನೆಗೂ ಕಪ್ಪಿನಿಂದ ಬಿಳುಪಿನವರೆಗಿನ 8 ಛಾಯೆಗಳಲ್ಲಿ ಒಂದು.

ಸೂಚನೆಗಳನ್ನು ಪಂಚ್ ಕಾರ್ಡ್‌ನಲ್ಲಿ ತೂತು ಹೊಡೆದು ಕೊಡಬೇಕು. ಕೋಣೆ ತುಂಬುವ ಕಂಪ್ಯೂಟರ್ ಲೆಕ್ಕ ಮಾಡುತ್ತದೆ. ಫಲವನ್ನು ಮೈಕ್ರೋಫಿಲ್ಮ್ ರೆಕಾರ್ಡರ್ ಎಂಬ ಯಂತ್ರ ಒಂದು ಸಣ್ಣ ಕೊಳವೆ ಪರದೆಯ ಮೇಲೆ ಬರೆಯುತ್ತದೆ. ಎದುರಿಗಿರುವ ಕ್ಯಾಮೆರಾ ಫ್ರೇಮ್ ಫ್ರೇಮಾಗಿ ಅದನ್ನು ಫಿಲ್ಮಿಗೆ ಇಳಿಸುತ್ತದೆ. ಆ ಫಿಲ್ಮ್ ತೊಳೆದು ಬಂದ ಮೇಲೆ ಪ್ರೊಜೆಕ್ಟರ್‌ನಲ್ಲಿ ಹಾಕಿ ನೋಡಬೇಕು. ತಪ್ಪಿದ್ದರೆ ಮತ್ತೆ ಕಾರ್ಡಿನಿಂದ ಶುರು. ಸೆಕೆಂಡಿಗೆ 24 ಫ್ರೇಮ್ ಎಂದರೆ 4 ನಿಮಿಷದ ಸಿನಿಮಾಕ್ಕೆ 5,760 ಫ್ರೇಮ್ ಬೇಕು.

ಲಿಲಿಯನ್ ಜಾಸ್ತಿ ಬಳಸಿದ್ದು ನೋಲ್ಟನ್ ಅವರ ಮುಂದಿನ ಭಾಷೆ ‘ಎಕ್ಸ್‌ಪ್ಲೋರ್’. ಅದರ ಗುಣವೇ ಬೇರೆ. ಪ್ರತಿ ಮನೆಯೂ ಅಕ್ಕಪಕ್ಕದ ಮನೆಗಳನ್ನು ನೋಡಿ ತಾನು ಬದಲಾಗುವಂತೆ ನಿಯಮ ಕೊಡಬಹುದು, ಜೊತೆಗೆ ಒಂದಿಷ್ಟು ಆಕಸ್ಮಿಕವನ್ನೂ ಬೆರೆಸಬಹುದು. ಹೀಗೆ ಮಾಡಿದರೆ ಚೌಕಗಳು ಹಬ್ಬುತ್ತವೆ, ಕೊರೆಯುತ್ತವೆ, ಹರಳಿನಂತೆ ಬೆಳೆಯುತ್ತವೆ. ಗೆರೆ ಎಳೆಯುವುದರ ಬದಲು ಬೆಳೆಯುವ ನಿಯಮ ಕೊಟ್ಟು ಕಾಯುವುದು. ಚಿತ್ರಕಾರರ ಕೈಗೆ ಇದು ತೀರಾ ಹೊಸದು.

ಕಂಪ್ಯೂಟರ್ ಕೊಟ್ಟಿದ್ದು ಕಪ್ಪು-ಬಿಳುಪು. ಹಾಗಾದರೆ ಆ ಬಣ್ಣ ಎಲ್ಲಿಂದ ಬಂತು?

ಲಿಲಿಯನ್ ಅವರ ಕೈಯಿಂದ. ಕಪ್ಪು-ಬಿಳುಪು ಫಿಲ್ಮನ್ನು ಬಣ್ಣದ ಫಿಲ್ಟರ್‌ಗಳ ಮೂಲಕ ಮತ್ತೆ ಚಿತ್ರೀಕರಿಸುತ್ತಿದ್ದರು. ಒಂದರ ಮೇಲೊಂದು ಪದರ ಹಾಕುತ್ತಿದ್ದರು. ಕಂಪ್ಯೂಟರ್ ಮುಟ್ಟದ ಚಿತ್ರಗಳನ್ನೂ ನಡುವೆ ಸೇರಿಸುತ್ತಿದ್ದರು. ‘ಕಂಪ್ಯೂಟರ್ ಸಿನಿಮಾ’ ಎಂಬ ಹೆಸರು ಕೇಳಿ ಎಲ್ಲವೂ ಯಂತ್ರದ್ದೇ ಎಂದುಕೊಂಡವರು ಈ ಅರ್ಧವನ್ನು ಬಿಟ್ಟುಬಿಡುತ್ತಾರೆ. ನನ್ನ ಪ್ರಕಾರ ಅವರ ಸಿನಿಮಾದ ಜೀವ ಇರುವುದೇ ಈ ಅರ್ಧದಲ್ಲಿ.

‘ಪಿಕ್ಸಿಲೇಶನ್’ನಲ್ಲಿ ಏನಿದೆ? ಅದನ್ನೇ ಎಲ್ಲರೂ ಯಾಕೆ ಹೇಳುತ್ತಾರೆ?

1970ರ ಚಿತ್ರ, ಸುಮಾರು 4 ನಿಮಿಷ. ಕಂಪ್ಯೂಟರ್‌ನಿಂದ ಬಂದ ಚೌಕಗಳು, ಕೈಯಿಂದ ಬಿಡಿಸಿದ ಬಣ್ಣದ ಫ್ರೇಮ್‌ಗಳು, ಹರಳು ಬೆಳೆಯುವುದನ್ನು ಹಿಡಿದ ದೃಶ್ಯಗಳು ಈ ಮೂರೂ ಅದರಲ್ಲಿವೆ. ಗರ್ಶನ್ ಕಿಂಗ್ಸ್ಲಿ ಮೂಗ್ ಸಿಂಥಸೈಸರ್ ಎಂಬ ಎಲೆಕ್ಟ್ರಾನಿಕ್ ವಾದ್ಯದಲ್ಲಿ ಮಾಡಿದ ಸಂಗೀತ ಇದೆ.

ನೋಡುವಾಗ ಒಂದು ಕೆಲಸ ಮಾಡಿ. ಯಾವ ಕ್ಷಣದಲ್ಲಿ ಕಂಪ್ಯೂಟರ್ ಚಿತ್ರ ಮುಗಿದು ಕುಂಚದ ಚಿತ್ರ ಬಂತು ಎಂದು ಗುರುತಿಸಲು ಪ್ರಯತ್ನಿಸಿ. ಬಣ್ಣ ಸೇರುವ ಕಡೆ, ಆಕಾರ ಸೇರುವ ಕಡೆ ಅವರು ಗಂಟು ಹಾಕಿದ್ದಾರೆ. ಚೌಕ ಒಡೆದು ಬಣ್ಣದ ಹನಿಯಾಗುತ್ತದೆ, ಹನಿ ಹಬ್ಬಿ ಹರಳಾಗುತ್ತದೆ. ಮೊದಲ ಸಲ ನೋಡಿದಾಗ ಕಣ್ಣು ಆ ಗಂಟುಗಳ ಮೇಲೆ ಜಾರಿಹೋಗುತ್ತದೆ. ಎರಡನೇ ಸಲ ಸಿಗುತ್ತವೆ. ಕಂಪ್ಯೂಟರ್ ನಿಧಾನ, ಅದು ಕೊಡುವುದು ಸ್ವಲ್ಪವೇ ಎಂಬ ಕೊರತೆಯೇ ಈ ದಾರಿಗೆ ತಳ್ಳಿತು.

ಪ್ರೋಗ್ರಾಂ ಬರೆದಿದ್ದು ನೋಲ್ಟನ್. ಹಾಗಾದರೆ ಸಿನಿಮಾ ಯಾರದ್ದು?

ಈ ಪ್ರಶ್ನೆ ಆಗಲೂ ಇತ್ತು, ಈಗ ಎಐ ಬಂದ ಮೇಲೆ ಇನ್ನೂ ಜೋರಾಗಿದೆ. ಮೊದಲ ಚಿತ್ರಗಳಲ್ಲಿ ಇಬ್ಬರ ಹೆಸರೂ ಇದೆ, ಅದು ನ್ಯಾಯ. ನೋಲ್ಟನ್ ಇಲ್ಲದಿದ್ದರೆ ಆ ಚಿತ್ರಗಳು ಹುಟ್ಟುತ್ತಿರಲಿಲ್ಲ. ಅವರು ಬರೀ ಸಹಾಯಕರಲ್ಲ, ಕಲೆಯ ಕಣ್ಣಿದ್ದ ವಿಜ್ಞಾನಿ. ಅವರು 2022ರಲ್ಲಿ ತೀರಿಕೊಂಡರು.

ಆದರೆ ಯಾವ ಚಲನೆ ಇರಲಿ, ಯಾವುದು ಹೋಗಲಿ, ಎಷ್ಟು ಹೊತ್ತು, ಯಾವ ಬಣ್ಣ, ಯಾವುದರ ಪಕ್ಕ ಯಾವುದು ಎಂದು ತೀರ್ಮಾನಿಸಿದ್ದು ಲಿಲಿಯನ್. ಸಿನಿಮಾ ಆಗುವುದು ಈ ತೀರ್ಮಾನಗಳಿಂದ. ಅದೇ ಎಕ್ಸ್‌ಪ್ಲೋರ್ ಬೇರೆಯವರ ಕೈಯಲ್ಲೂ ಇತ್ತು. ಈ ಸಿನಿಮಾಗಳು ಬಂದಿದ್ದು ಇವರಿಂದ.

‘ಪಿಕ್ಸಿಲೇಶನ್’ ಆದ ಮೇಲೆ ಯಾವುದನ್ನು ನೋಡಲಿ?

‘ಒಲಿಂಪಿಯಾಡ್’ (1971) ನೋಡಿ. 19ನೇ ಶತಮಾನದಲ್ಲಿ ಎಡ್ವರ್ಡ್ ಮೈಬ್ರಿಜ್ ಓಡುವ ಮನುಷ್ಯನ ಸಾಲು ಫೋಟೊ ತೆಗೆದಿದ್ದರು. ಸಿನಿಮಾ ಹುಟ್ಟುವ ಮೊದಲಿನ ಆ ಓಟವನ್ನು ಲಿಲಿಯನ್ ಕಂಪ್ಯೂಟರ್ ಚೌಕಗಳಲ್ಲಿ ಮತ್ತೆ ಓಡಿಸಿದರು. ಆಮೇಲೆ ‘ಎನಿಗ್ಮಾ’ (1972). ಗೆರೆ ಮತ್ತು ಚೌಕಗಳು ಎಷ್ಟು ವೇಗವಾಗಿ ಮಿನುಗುತ್ತವೆ ಎಂದರೆ ಫಿಲ್ಮಿನಲ್ಲಿ ಇಲ್ಲದ ಬಣ್ಣ ನಿಮ್ಮ ಕಣ್ಣಿಗೆ ಕಾಣತೊಡಗುತ್ತದೆ. ಆ ಬಣ್ಣವನ್ನು ನಿಮ್ಮ ಮಿದುಳೇ ಹಚ್ಚುತ್ತದೆ.

‘ಮ್ಯುಟೇಶನ್ಸ್’ನಲ್ಲಿ (1972) ಲೇಸರ್ ಬೆಳಕು ಮತ್ತು ಹರಳುಗಳಿವೆ. ‘ಗ್ಯಾಲಕ್ಸೀಸ್’ (1974) ಆಕಾಶಗಂಗೆಗಳ ಚಲನೆಯ ಲೆಕ್ಕದಿಂದ ಬಂದದ್ದು.

ನನಗೆ ಎಲ್ಲಕ್ಕಿಂತ ಹತ್ತಿರವಾದದ್ದು ‘ಅಪೋಥಿಯೋಸಿಸ್’ (1972). ಕ್ಯಾನ್ಸರ್‌ಗೆ ಕೊಡುವ ವಿಕಿರಣ ಚಿಕಿತ್ಸೆಯ ಚಿತ್ರಗಳಿಂದ ಅದು ಬೆಳೆಯಿತು. ರೋಗಿಯ ದೇಹದ ಮೇಲೆ ಕಿರಣ ಎಲ್ಲಿ ಬೀಳಬೇಕು ಎಂದು ತೋರಿಸುವ ಚಿತ್ರ ವೈದ್ಯರಿಗೆ ಬರೀ ಉಪಕರಣ. ನರ್ಸ್ ಆಗಿದ್ದ, ತಾನೇ ಹಾಸಿಗೆ ಹಿಡಿದಿದ್ದ ಒಬ್ಬ ಹೆಂಗಸು ಅದನ್ನು ಕೈಗೆತ್ತಿಕೊಂಡಾಗ ಅದು ಬೇರೆಯದೇ ಆಗುತ್ತದೆ. ಇದನ್ನು ಅವಸರದಲ್ಲಿ ನೋಡಬೇಡಿ.

ಸಂಗೀತ ಯಾರು ಮಾಡಿದರು?

ಹೆಚ್ಚಿನದು ಅದೇ ಲ್ಯಾಬ್‌ನ ಸುತ್ತಲಿನವರು. ‘ಮ್ಯುಟೇಶನ್ಸ್’ಗೆ ಫ್ರಾನ್ಸಿನ ಜಾನ್-ಕ್ಲೋಡ್ ರಿಸೆ, ಇನ್ನೊಂದು ಚಿತ್ರ ‘ಯುಎಫ್ಒಸ್’ಗೆ ಎಮ್ಯಾನ್ಯುಯಲ್ ಗೆಂಟ್, ‘ಅಪೋಥಿಯೋಸಿಸ್’ಗೆ ರಿಚರ್ಡ್ ಮೂರ್. ಕಂಪ್ಯೂಟರ್ ಸಂಗೀತದ ಚರಿತ್ರೆ ಓದುವವರಿಗೆ ಇವೆಲ್ಲ ದೊಡ್ಡ ಹೆಸರುಗಳು.

ಕಥೆಯೇ ಇಲ್ಲವಲ್ಲ, ಇದನ್ನು ನೋಡುವುದು ಹೇಗೆ?

ಆಲಾಪನೆ ಕೇಳುವಾಗ ಕಥೆ ಎಲ್ಲಿ ಎಂದು ಯಾರೂ ಕೇಳುವುದಿಲ್ಲ. ದೀಪ ಆರಿಸಿ, ದೊಡ್ಡ ಪರದೆಯಲ್ಲಿ, ಸೌಂಡ್ ಜೊತೆಗೆ ನೋಡಿ. ಅರ್ಥ ಹುಡುಕುವ ಬದಲು ಯಾವುದು ಮರಳಿ ಬರುತ್ತಿದೆ, ಎಲ್ಲಿ ವೇಗ ಬದಲಾಯಿತು ಎಂದು ಗಮನಿಸಿ. ಚಿತ್ರಗಳು ಚಿಕ್ಕವು, ಎರಡು ಸಲ ನೋಡಿದರೂ ಹತ್ತು ನಿಮಿಷದ ಆಸುಪಾಸು.

ಅವರಿಗೆ ಅಮೆರಿಕದ ಟಿವಿ ಪ್ರಶಸ್ತಿ ಎಮ್ಮಿ ಬಂದದ್ದು ಯಾವುದಕ್ಕೆ?

ಒಂದು ಟಿವಿ ಪ್ರಕಟಣೆಗೆ. ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್ 1984ರಲ್ಲಿ ಕಟ್ಟಡ ದೊಡ್ಡದು ಮಾಡಿ ಮತ್ತೆ ತೆರೆದಾಗ ಅದಕ್ಕಾಗಿ ಕಂಪ್ಯೂಟರ್‌ನಲ್ಲಿ ಮಾಡಿದ ಕಿರು ಪ್ರಕಟಣೆ ಅದು. ಮುಂದೆ 2015ರಲ್ಲಿ ಕಂಪ್ಯೂಟರ್ ಗ್ರಾಫಿಕ್ಸ್‌ನವರ ಸಂಘ ಸಿಗ್ರಾಫ್ ಡಿಜಿಟಲ್ ಕಲೆಯ ಜೀವಮಾನ ಸಾಧನೆಗೆ ಗೌರವ ಕೊಟ್ಟಿತು. 2022ರ ವೆನಿಸ್ ಬಿಯೆನಾಲೆ ಎಂಬ ದೊಡ್ಡ ಕಲಾ ಪ್ರದರ್ಶನದಲ್ಲೂ ಅವರ ಕೆಲಸ ಇತ್ತು. ಆಗ ಅವರಿಗೆ 90 ದಾಟಿತ್ತು.

ಮೋನಾ ಲೀಸಾ ಅಂದರೆ ಲಿಯೊನಾರ್ಡೊನೇ ಎಂದು ಹೇಳಿದ್ದು ಇವರೇನಾ?

ಹೌದು. 1980ರ ದಶಕದ ಮಧ್ಯದಲ್ಲಿ ಮೋನಾ ಲೀಸಾಳ ಅರ್ಧ ಮುಖವನ್ನೂ, ಲಿಯೊನಾರ್ಡೊ ಸ್ವಂತ ಮುಖ ಎನ್ನಲಾಗುವ ಕೆಂಪು ಸೀಮೆಸುಣ್ಣದ ಚಿತ್ರದ ಅರ್ಧವನ್ನೂ ಕಂಪ್ಯೂಟರ್‌ನಲ್ಲಿ ಜೋಡಿಸಿದರು. ಕಣ್ಣು, ಮೂಗು, ಬಾಯಿ ಹೊಂದಿಕೊಂಡವು. 1987ರಲ್ಲಿ ಅದು ಪ್ರಕಟವಾದಾಗ ಪ್ರಪಂಚದ ಪತ್ರಿಕೆಗಳೆಲ್ಲ ಬರೆದವು.

ಕಲಾ ಇತಿಹಾಸಕಾರರು ಹೆಚ್ಚಿನವರು ಒಪ್ಪಲಿಲ್ಲ. ಅವರ ಕಾರಣಗಳು ಗಟ್ಟಿಯಾಗಿವೆ. ಒಬ್ಬನೇ ಕಲಾವಿದ ಬಿಡಿಸಿದ ಮುಖಗಳ ಅಳತೆ ಹೋಲುವುದು ಸಹಜ. ಆ ಕೆಂಪು ಚಿತ್ರ ಲಿಯೊನಾರ್ಡೊ ಮುಖವೇನಾ ಎಂಬುದೇ ಚರ್ಚೆಯಲ್ಲಿದೆ. ಮುಂದೆ ಜರ್ಮನಿಯ ಹೈಡಲ್‌ಬರ್ಗ್‌ನಲ್ಲಿ ಒಂದು ಹಳೆಯ ಪುಸ್ತಕದ ಅಂಚಿನಲ್ಲಿ 1503ರ ಟಿಪ್ಪಣಿ ಸಿಕ್ಕಿತು. ಲಿಯೊನಾರ್ಡೊ ಆಗ ಲೀಸಾ ದೆಲ್ ಜೊಕೊಂಡೊ ಎಂಬ ಹೆಂಗಸಿನ ಚಿತ್ರ ಬಿಡಿಸುತ್ತಿದ್ದ ಎಂದು ಅದರಲ್ಲಿದೆ. ಹಾಗಾಗಿ ಲಿಲಿಯನ್ ಅವರ ತೀರ್ಮಾನವನ್ನು ನಾನೂ ಒಪ್ಪುವುದಿಲ್ಲ. ಆದರೆ ಹಳೆಯ ಚಿತ್ರವನ್ನು ಕಂಪ್ಯೂಟರ್‌ನಲ್ಲಿ ಇಟ್ಟು ಅಳೆಯಬಹುದು ಎಂದು ಅಷ್ಟು ಮೊದಲೇ ತೋರಿಸಿದವರಲ್ಲಿ ಅವರೂ ಇದ್ದಾರೆ. ಬೇಸರದ ಮಾತೆಂದರೆ, ಸಿನಿಮಾಗಳನ್ನು ನೋಡದವರಿಗೂ ಮೋನಾ ಲೀಸಾ ಕಥೆ ಗೊತ್ತು.

ಅದೇ ಹೊತ್ತಿಗೆ ನಮ್ಮ ದೇಶದಲ್ಲಿ ಇಂಥ ಪ್ರಯೋಗ ನಡೆದಿತ್ತಾ?

ನಡೆದಿತ್ತು, ಕಂಪ್ಯೂಟರ್ ಇಲ್ಲದೆ. ಮುಂಬೈಯಲ್ಲಿ ಚಿತ್ರಕಾರ ಅಕ್ಬರ್ ಪದಮ್‌ಸೀ 1970ರ ಹೊತ್ತಿಗೆ ಗೆರೆ ಮತ್ತು ಚುಕ್ಕಿಗಳ ಲೆಕ್ಕದ ಮೇಲೆ ‘ಸಿಜಿಜಿ’ ಎಂಬ ಅನಿಮೇಶನ್ ಮಾಡಿದರು. ಸರ್ಕಾರದ ಸಿನಿಮಾ ಸಂಸ್ಥೆಯಾಗಿದ್ದ ಫಿಲ್ಮ್ಸ್ ಡಿವಿಶನ್‌ನಲ್ಲಿ ಪ್ರಮೋದ್ ಪತಿ 1968ರಲ್ಲಿ ‘ಎಕ್ಸ್‌ಪ್ಲೋರರ್’ ಮಾಡಿದರು. ಅಹಮದಾಬಾದ್‌ನ ವಿನ್ಯಾಸ ಕಲಿಸುವ ಸಂಸ್ಥೆ ಎನ್‌ಐಡಿಗೆ 1969ರಲ್ಲೇ ಮೂಗ್ ಸಿಂಥಸೈಸರ್ ಬಂದಿತ್ತು. ಇವರಿಗೂ ಲಿಲಿಯನ್ ಅವರಿಗೂ ನೇರ ನಂಟು ಇತ್ತು ಎಂದು ನಾನು ಹೇಳುತ್ತಿಲ್ಲ. ಆದರೆ ಒಂದೇ ಕಾಲದ ಈ ಚಿತ್ರಗಳನ್ನು ಒಟ್ಟಿಗೆ ನೋಡಿದರೆ ಕಣ್ಣು ತೆರೆಯುತ್ತದೆ.

ವಯಸ್ಸಾದ ಮೇಲೆ ಏನು ಮಾಡಿದರು?

ಕೆಲಸ ನಿಲ್ಲಿಸಲಿಲ್ಲ. 1992ರಲ್ಲಿ ಮಗ ಲಾರೆನ್ಸ್ ಜೊತೆ ಕಂಪ್ಯೂಟರ್ ಕಲೆಯ ಬಗ್ಗೆ ದೊಡ್ಡ ಕೈಪಿಡಿ ತಂದರು. ಕಣ್ಣಿನ ದೃಷ್ಟಿ ಕುಂದುತ್ತಾ ಬಂತು. ಆದರೂ ಹಳೆಯ ಸಿನಿಮಾಗಳನ್ನು ಮತ್ತೆ ಎಡಿಟ್ ಮಾಡಿದರು, ವಿಶೇಷ ಕನ್ನಡಕ ಹಾಕಿದರೆ ಆಳ ಕಾಣುವಂತೆ ಹೊಂದಿಸಿದರು. 2021ರಲ್ಲಿ ಅವರ ಚಿತ್ರ, ಫಿಲ್ಮ್, ಕಾಗದಪತ್ರಗಳ ದೊಡ್ಡ ಸಂಗ್ರಹ ಮಿಶಿಗನ್‌ನ ಡಿಯರ್‌ಬಾರ್ನ್‌ನಲ್ಲಿರುವ ಹೆನ್ರಿ ಫೋರ್ಡ್ ಮ್ಯೂಸಿಯಂಗೆ ಸೇರಿತು. ಮೋಟಾರ್ ಕಾರು, ಉಗಿಬಂಡಿ ಇರುವ ಮ್ಯೂಸಿಯಂ ಅದು. ಕಲೆ ಮತ್ತು ಯಂತ್ರ ಎರಡನ್ನೂ ಬಿಡದವರ ವಸ್ತುಗಳಿಗೆ ಒಳ್ಳೆಯ ಜಾಗ ಎಂದೇ ನನಗನಿಸುತ್ತದೆ.

ಸಿನಿಮಾಗಳು ಎಲ್ಲಿ ಸಿಗುತ್ತವೆ? ಕಣ್ಣಿಗೆ ತೊಂದರೆ ಆಗುತ್ತಾ?

ಹೆನ್ರಿ ಫೋರ್ಡ್ ಮ್ಯೂಸಿಯಂನ ಆನ್‌ಲೈನ್ ಸಂಗ್ರಹದಲ್ಲಿ ಹುಡುಕಿ. 1976ರಲ್ಲಿ ಅವರ ಬಗ್ಗೆಯೇ ತೆಗೆದ ‘ದಿ ಆರ್ಟಿಸ್ಟ್ ಅಂಡ್ ದಿ ಕಂಪ್ಯೂಟರ್’ ಎಂಬ ಸಾಕ್ಷ್ಯಚಿತ್ರವನ್ನು ಎಟಿ ಅಂಡ್ ಟಿ ಯೂಟ್ಯೂಬ್‌ಗೆ ಹಾಕಿದೆ. ಅವರು ಕೆಲಸ ಮಾಡುವುದು ಅದರಲ್ಲಿ ಕಾಣುತ್ತದೆ. ಮೊದಲು ಅದನ್ನೇ ನೋಡಿ.

ಒಂದು ಎಚ್ಚರಿಕೆ. ‘ಎನಿಗ್ಮಾ’, ‘ಯುಎಫ್ಒಸ್’ ಥರದ ಚಿತ್ರಗಳಲ್ಲಿ ಬೆಳಕು ತುಂಬಾ ಜೋರಾಗಿ ಮಿನುಗುತ್ತದೆ. ಫಿಟ್ಸ್ ಬರುವವರು, ಮೈಗ್ರೇನ್ ಇರುವವರು ನೋಡಬೇಡಿ. ಉಳಿದವರೂ ತಲೆ ನೋವು ಅನಿಸಿದರೆ ಅಲ್ಲಿಗೇ ನಿಲ್ಲಿಸಿ.

ನಾನೂ ಇಂಥದ್ದು ಮಾಡಬೇಕು. ಎಲ್ಲಿಂದ ಶುರು ಮಾಡಲಿ?

ದುಬಾರಿ ಸಾಫ್ಟ್‌ವೇರ್ ಬೇಡ. ‘ಪ್ರೊಸೆಸಿಂಗ್’ ಎಂಬ ಉಚಿತ ಸಾಧನ ಇದೆ, ಕಲಾವಿದರಿಗೆಂದೇ ಮಾಡಿದ್ದು. ಅದರ ತಂಗಿ ‘ಪಿ5’ ಬ್ರೌಸರ್‌ನಲ್ಲೇ ನಡೆಯುತ್ತದೆ. ಅದರಲ್ಲಿ 252 ಅಡ್ಡ, 184 ಉದ್ದದ ಚೌಕಗಳನ್ನು ಹಾಕಿ. ಬೂದು ಬಣ್ಣದ 8 ಛಾಯೆ ಬಿಟ್ಟು ಬೇರೆ ಬಳಸಬೇಡಿ. ಪ್ರತಿ ಚೌಕ ತನ್ನ ಪಕ್ಕದ ಚೌಕ ನೋಡಿ ಬದಲಾಗುವಂತೆ ಒಂದೇ ಒಂದು ನಿಯಮ ಬರೆಯಿರಿ. ಓಡಿಸಿ ನೋಡಿ, ನಿಯಮ ಸ್ವಲ್ಪ ಬದಲಿಸಿ, ಮತ್ತೆ ಓಡಿಸಿ.

ಇಷ್ಟವಾದ ಒಂದು ತುಣುಕಿನ ಕೆಲವು ಫ್ರೇಮ್‌ಗಳನ್ನು ಪ್ರಿಂಟ್ ತೆಗೆಸಿ. ಅವುಗಳ ಮೇಲೆ ವಾಟರ್ ಕಲರ್ ಹಚ್ಚಿ, ಫೋನ್‌ನಲ್ಲಿ ಒಂದೊಂದಾಗಿ ಫೋಟೊ ತೆಗೆದು ಮತ್ತೆ ಸಿನಿಮಾಕ್ಕೆ ಸೇರಿಸಿ. ಕಂಪ್ಯೂಟರ್ ಫ್ರೇಮ್ ಮತ್ತು ಬಣ್ಣದ ಫ್ರೇಮ್ ಸೇರುವ ಕಡೆ ಯಾವ ಆಕಾರ ಎರಡಕ್ಕೂ ಹೊಂದುತ್ತದೆ ಎಂದು ಹುಡುಕುವುದರಲ್ಲೇ ಹೆಚ್ಚು ಹೊತ್ತು ಹೋಗುತ್ತದೆ. ಹೋಗಲಿ ಬಿಡಿ. 10 ಸೆಕೆಂಡಿಗೆ 240 ಫ್ರೇಮ್ ಬೇಕು. ಮೊದಲ ಚಿತ್ರಕ್ಕೆ ಅಷ್ಟು ಸಾಕು.